ಪಾಟವೋ ಆಟವೋ

ಮದುವೆಗೆ ಮೊದಲು ಭೋಜರಾಜ ಒಮಾನಿನ ಸಹಮ್‌ನಿಂದ ಬರೆಯುತ್ತಿದ್ದ ಕಾಗದಗಳಲ್ಲಿ ಪ್ರೀತಿ ಧಾರಾಳವಾಗಿತ್ತು, ಮಹಾಪ್ರಾಣ ಮಾತ್ರ ಒಂದೂ ಇರುತ್ತಿರಲಿಲ್ಲ. ‘ರಜೆಯಲ್ಲಿ ಕಂಡಿತಾ ಬರುತ್ತೇನೆ’, ‘ನಿನ್ನ ಮುಕವೇ ಕಣ್ಣ ಮುಂದೆ’, ‘ಸದಾ ನಿನ್ನದೇ ದ್ಯಾನ’. ಕೊನೆಗೆ ಸಹಿ, ‘ಬೋಜರಾಜ’. ತನ್ನ ಹೆಸರಿನ ಹೊಟ್ಟೆಯನ್ನೇ ಸೀಳಲಾಗದ ಮನುಷ್ಯ! ಕಾಪುವಿನ ಶಾಲೆಯಲ್ಲಿ ಮೂರನೆಯ ತರಗತಿಗೆ ಪಾಠ ಹೇಳುತ್ತಿದ್ದ ಲೋಲಾಕ್ಷಿಗೆ ಇದನ್ನು ಸಹಿಸುವುದು ಸಾಧ್ಯವೇ ಇರಲಿಲ್ಲ. ಕೆಂಪು ಪೆನ್ಸಿಲಿನಲ್ಲಿ ತಿದ್ದಿ, ತನ್ನ ಉತ್ತರದ ಜೊತೆ ಅದೇ ಲಕೋಟೆಯಲ್ಲಿಟ್ಟು ವಾಪಸು ಕಳಿಸುತ್ತಿದ್ದಳು. ಹೀಗೆ ತಿದ್ದುವವಳನ್ನು ಯಾವ ಗಂಡಸು ಕಟ್ಟಿಕೊಳ್ಳುತ್ತಾನೆ ಎಂದು ಅವಳ ಅಮ್ಮ ಹಣೆ ಚಚ್ಚಿಕೊಂಡರು. ಭೋಜರಾಜ ಕಟ್ಟಿಕೊಂಡ. ಸಹಮ್‌ಗೂ ಕರೆದುಕೊಂಡು ಬಂದ.

ಅವನು ತೋಟಗಳಿಗೆ ನೀರಿನ ಪಂಪು ಮಾರುವ ಕಂಪೆನಿಯಲ್ಲಿದ್ದ. ಅವಳಿಗೆ ಅಲ್ಲಿ ಕೆಲಸವಿರಲಿಲ್ಲ. ಅವನ ವೀಸಾದ ಮೇಲೆ ಬಂದವಳು, ಕಾಗದಪತ್ರಗಳಲ್ಲಿ ‘ಭೋಜರಾಜನ ಹೆಂಡತಿ’, ಅಷ್ಟೇ.

೧೯೮೪ರಲ್ಲಿ ಸಹಮ್ ಸುತ್ತಮುತ್ತಲಿನ ಇಪ್ಪತ್ತು ಮನೆಯವರು ಸೇರಿ ಒಂದು ಕನ್ನಡ ಕೂಟ ಮಾಡಿಕೊಂಡರು. ಅಧ್ಯಕ್ಷರು ದೇಜಪ್ಪನವರು. ಲಾರಿ ಕಂಪೆನಿಯ ಮ್ಯಾನೇಜರು, ಗಲ್ಫಿಗೆ ಬಂದು ಹದಿನೈದು ವರ್ಷ ಕಳೆದವರು, ಒಳ್ಳೆಯವರೇ. ಆದರೆ ಅವರಿಗೆ ಮರ್ಯಾದೆಯ ಹುಚ್ಚು. ಎಳೆ ಮಗುವೂ ಅವರನ್ನು ಬಹುವಚನದಲ್ಲೇ ಕರೆಯಬೇಕು. ಕೂಟದ ನಿಯಮಗಳನ್ನು ಅವರು ಹೇಳುತ್ತ ಹೋದರು, ಅಕ್ಷರ ದುಂಡಗಿದೆಯೆಂದು ಲೋಲಾಕ್ಷಿ ಬರೆಯುತ್ತ ಹೋದಳು. ಬರೆದದ್ದನ್ನು ಓದತೊಡಗಿದಳು: ‘ಪ್ರತಿಯೊಬ್ಬ ಸದಸ್ಯನಿಗೆ ಒಂದು ಮತ. ಸದಸ್ಯನೆಂದರೆ ಸಹಮ್ ಸುತ್ತಮುತ್ತ ವಾಸವಾಗಿರುವ, ಹದಿನೆಂಟು ತುಂಬಿದ ಕನ್ನಡಿಗ.’ ದೇಜಪ್ಪನವರ ಮುಖ ಗಂಟಾಯಿತು.

“ಎಂತದು ಮಾರಾಯ್ತಿ, ಸದಸ್ಯನಿಗೆ? ಕನ್ನಡಿಗ? ತೋಟದ ಆಳನ್ನು ಕರೆದ ಹಾಗೆ ಆಯ್ತಲ್ಲ. ಇಲ್ಲಿ ಇರುವವರೆಲ್ಲ ಮರ್ಯಾದಸ್ತರು. ರು ಹಾಕಿ, ರು!”

ಲೋಲಾಕ್ಷಿ ರು ಹಾಕಿದಳು. ಸದಸ್ಯರಿಗೆ, ಸದಸ್ಯರೆಂದರೆ, ಕನ್ನಡಿಗರು. ಕೆಳಗೆ ಇಪ್ಪತ್ತು ಗಂಡಸರು ಸಹಿ ಮಾಡಿದರು. ಆ ರು ನಾಲ್ಕು ವರ್ಷ ಫೈಲಿನೊಳಗೆ ತೆಪ್ಪಗೆ ಕುಳಿತಿತ್ತು. ಸಭೆಗಳಲ್ಲಿ ಗಂಡಸರು ಕೈ ಎತ್ತುತ್ತಿದ್ದರು, ಹೆಂಗಸರು ಪಕ್ಕದಲ್ಲಿ ಶಿರಾ ತಿರುವುತ್ತಿದ್ದರು. ಹೆಂಗಸರಿಗೆ ಮತವಿಲ್ಲವೆಂದು ಯಾರೂ ಹೇಳಿರಲಿಲ್ಲ, ಹೇಳುವ ಪ್ರಸಂಗವೇ ಬಂದಿರಲಿಲ್ಲ.

ಕೂಟಕ್ಕೆ ಒಂದು ಕೋಣೆ ಇತ್ತು. ಟಯರ್ ಅಂಗಡಿಯ ಮೇಲಿನ ಮಹಡಿ, ದೇಜಪ್ಪನವರ ಕಫೀಲ್, ಅಂದರೆ ಅವರ ಅರಬ್ಬಿ ಧಣಿ, ದೊಡ್ಡ ಮನಸ್ಸಿನಿಂದ ಬಿಟ್ಟುಕೊಟ್ಟದ್ದು. ಷರತ್ತು ಒಂದೇ. ಶುಕ್ರವಾರ ಬೆಳಿಗ್ಗೆ ಮಾತ್ರ ಬಳಸಬೇಕು, ಹನ್ನೆರಡಕ್ಕೆ ಕೀಲಿ ವಾಪಸು. ಆ ಶುಕ್ರವಾರದ ಬೆಳಗುಗಳಲ್ಲಿ ಲೋಲಾಕ್ಷಿ ಹದಿನಾಲ್ಕು ಮಕ್ಕಳಿಗೆ ಕನ್ನಡ ಕಲಿಸುತ್ತಿದ್ದಳು. ಶಾಲೆಯಲ್ಲಿ ಇಂಗ್ಲಿಷ್ ಓದುವ ಮಕ್ಕಳು, “ಊಟ ಆಯ್ತಾ?” ಅಂದರೆ “ಯಾ ಆಂಟಿ, ಡನ್” ಅನ್ನುವಂಥವು. ಎರಡು ವರ್ಷದಲ್ಲಿ ಒತ್ತಕ್ಷರದವರೆಗೆ ಬಂದಿದ್ದವು. ಅವಳ ಮಗಳು ಮೊನ್ನೆ ಮೊನ್ನೆ ಕಾಪುವಿನ ಅಜ್ಜಿಯ ಏರ್‌ಮೇಲ್ ಪತ್ರವನ್ನು ಬೆರಳಿಟ್ಟುಕೊಂಡು ತಾನೇ ಓದಿ ಮುಗಿಸಿದ್ದಳು. ಓದುವಾಗ ಒಳಗೆ ನಿಂತು ಲೋಲಾಕ್ಷಿ ಕಣ್ಣೊರೆಸಿಕೊಂಡಿದ್ದಳು. ಸಹಮ್‌ಗೆ ಬಂದ ಮೇಲೆ ತಾನು ಮಾಡಿದ್ದೇನಾದರೂ ಇದ್ದರೆ ಇದೊಂದೇ ಎಂದು ಅವಳಿಗೆ ಅನಿಸಿತ್ತು.

ಆ ವರ್ಷ, ೧೯೮೮ರ ಆಗಸ್ಟಿನಲ್ಲಿ, ಗಂಡಸರಿಗೆ ಕೇರಮ್ ಮತ್ತು ರಮ್ಮಿಯ ಹುಕಿ ಹತ್ತಿತು. ವಾರಕ್ಕೊಂದೇ ರಜೆ, ಇರುವುದೊಂದೇ ಕೋಣೆ, ಅಲ್ಲಿ ಪುಟಾಣಿಗಳು ಕಾಗುಣಿತ ಕಿರುಚುತ್ತಿದ್ದರೆ ಮನುಷ್ಯ ಎಲ್ಲಿಗೆ ಹೋಗಬೇಕು? ಅವರ ಪ್ರಶ್ನೆಯೂ ತಪ್ಪಲ್ಲ ಬಿಡಿ. ಅಕ್ಟೋಬರ್ ಏಳರ ಶುಕ್ರವಾರ ಸಭೆ ಸೇರಿ ಮತ ಹಾಕಿ ತೀರ್ಮಾನಿಸುವುದೆಂದಾಯಿತು. ರಮ್ಮಿಯಲ್ಲಿ ಸಹಮ್‌ಗೇ ಚಾಂಪಿಯನ್ ಆದ ಭೋಜರಾಜ ಯಾವ ಕಡೆ ಎಂದು ಯಾರೂ ಕೇಳಲಿಲ್ಲ.

“ಮನೆಯಲ್ಲೇ ಪಾಟ ಮಾಡಬಹುದಲ್ಲ?” ಎಂದು ಅವನು ಮೆಲ್ಲಗೆ ಅಂದ.

“ಹದಿನಾಲ್ಕು ಮಕ್ಕಳನ್ನು ಎಲ್ಲಿ ಕೂರಿಸ್ಲಿ, ಫ್ರಿಜ್ಜಿನ ಮೇಲಾ?” ಎಂದಳು ಲೋಲಾಕ್ಷಿ. ಹೋದ ವರ್ಷ ಒಮ್ಮೆ ಮಾಡಿ ನೋಡಿದ್ದಳು, ಕೆಳಗಿನ ಮನೆಯವರು ಪೊರಕೆ ಕೋಲಿನಿಂದ ಸೂರು ಬಡಿದಿದ್ದರು. ಭೋಜರಾಜ ಪೇಪರು ಬಿಡಿಸಿಕೊಂಡು ಮುಖ ಮುಚ್ಚಿಕೊಂಡ.

ಈ ಹೊತ್ತಿಗೆ ಆಗ್ನೆಸ್ ಒಂದು ಭಾನಗಡಿ ಮಾಡಿಕೊಂಡಿದ್ದಳು. ಆಗ್ನೆಸ್ ಉಡುಪಿ ಕಡೆಯ ಕೊಂಕಣಿ ಕ್ರಿಶ್ಚಿಯನ್, ಸಹಮ್‌ನ ಒಂದು ಕ್ಲಿನಿಕ್ಕಿನಲ್ಲಿ ಹೆಸರು ಬರೆದುಕೊಳ್ಳುವ ಕೆಲಸ, ಲೋಲಾಕ್ಷಿಯ ಜೀವದ ಗೆಳತಿ. ರಿಜಿಸ್ಟರಿನಲ್ಲಿ ‘ಲೂರ್ಡ್ಸ್ ಪಿಂಟೊ’ ಎಂಬ ಹೆಸರು ನೋಡಿದ್ದೇ ತಡ, ನಮ್ಮ ಮಂಗಳೂರಿನವಳೇ ಬಂದಳೆಂದು ಹಿಗ್ಗಿ, ಸಾನ್ನವೆಂಬ ಮೆತ್ತನೆಯ ಇಡ್ಲಿ ಮತ್ತು ಕೋಳಿ ಸಾರು ಹೊತ್ತುಕೊಂಡು ವಿಳಾಸ ಹುಡುಕಿ ಹೋಗಿ, ಬಾಗಿಲಲ್ಲೇ ಕೊಂಕಣಿಯಲ್ಲಿ ಶುರು ಹಚ್ಚಿಕೊಂಡಳು. ಎದುರಿಗಿದ್ದ ನಲವತ್ತು ದಾಟಿದ ಹೆಂಗಸು ಐದು ನಿಮಿಷ ನಗುನಗುತ್ತ ಕೇಳಿ, ಆಮೇಲೆ ಒಡಕು ಇಂಗ್ಲಿಷಿನಲ್ಲಿ, ತಾನು ದಕ್ಷಿಣ ಅಮೆರಿಕದ ಚಿಲಿ ದೇಶದವಳು, ಗಂಡ ಸೊಹಾರ್‌ನ ತಾಮ್ರದ ಗಣಿಯಲ್ಲಿ ಇಂಜಿನಿಯರು, ತಮ್ಮಲ್ಲಿ ಪಿಂಟೊಗಳು ಬೇಕಾದಷ್ಟು ಇದ್ದಾರೆ ಎಂದಳು. ಸಾನ್ನ ಮಾತ್ರ ವಾಪಸು ಕೊಡಲಿಲ್ಲ.

ಹಾಗೆ ಲೂರ್ಡ್ಸ್ ಇವರಿಬ್ಬರ ಜೊತೆ ಮೂರನೆಯವಳಾದಳು. ಒಂದು ಸಂಜೆ ಲೋಲಾಕ್ಷಿಯ ಅಡಿಗೆಮನೆಯಲ್ಲಿ ಆಗ್ನೆಸ್, ಲೋಟವನ್ನು ಮೇಜಿನ ಮೇಲಿಡು ಎಂದು ಕೊಂಕಣಿಯಲ್ಲಿ ಅಂದಾಗ ಲೂರ್ಡ್ಸ್‌ಳ ಕಿವಿ ನೆಟ್ಟಗಾಯಿತು. “ಮೇಸಾ? ನೀವೂ ಮೇಸಾ ಅಂತೀರಾ?” ಕೊಂಕಣಿಯಲ್ಲಿ ಮೇಜ್, ಕನ್ನಡದಲ್ಲಿ ಮೇಜು, ಅವಳ ಸ್ಪ್ಯಾನಿಷಿನಲ್ಲಿ ಮೇಸಾ. ಮೂವರೂ ಆ ಬಡ ಫಾರ್ಮೈಕಾ ಮೇಜನ್ನು ತಟ್ಟಿ ತಟ್ಟಿ ನಕ್ಕರು.

“ನಮ್ಮಲ್ಲಿ ಓಟು ಹಾಕುವ ಜಾಗಕ್ಕೂ ಮೇಸಾ ಅಂತಲೇ ಹೆಸರು,” ಎಂದಳು ಲೂರ್ಡ್ಸ್. “ಗಂಡಸರದ್ದೊಂದು ಮೇಜು, ಹೆಂಗಸರದ್ದೊಂದು ಮೇಜು. ಹೆಂಗಸರ ಮೇಜಿನಲ್ಲಿ ಕೂತು ಎಣಿಸುವವರೂ ಹೆಂಗಸರೇ. ಹದಿನೈದು ವರ್ಷದಿಂದ ಸೇನೆಯ ಒಬ್ಬ ಜನರಲ್‌ನ ಆಳ್ವಿಕೆ. ಈ ಅಕ್ಟೋಬರ್ ಐದಕ್ಕೆ ಅವನು ಮುಂದೆಯೂ ಬೇಕು ಅಥವಾ ಬೇಡ ಅಂತ ಜನ ಹೇಳಬೇಕು. ದೇಶದ ಹೊರಗಿರುವವರಿಗೆ ಓಟಿಲ್ಲ. ಅದಕ್ಕೇ ನಾನು ಹೋಗ್ತಿದ್ದೇನೆ. ಒಂದು ಗೀಟು ಎಳೆಯಲಿಕ್ಕೆ ಅರ್ಧ ಭೂಮಿ ದಾಟಬೇಕು.”

ಲೋಲಾಕ್ಷಿ ತನ್ನ ಸಂಕಟ ತೋಡಿಕೊಂಡಳು. ಕೋಣೆ ಹೋಗುತ್ತದೆ, ಮತ ಗಂಡಸರದ್ದು, ಹೆಂಗಸರಿಗೂ ಕೊಡಿ ಎಂದು ಅರ್ಜಿ ಹಾಕಬೇಕೆಂದಿದ್ದೇನೆ ಎಂದಳು. ಲೂರ್ಡ್ಸ್ ನಿಯಮಾವಳಿಯಲ್ಲಿ ಏನಿದೆ ಎಂದು ಕೇಳಿದಳು. ಲೋಲಾಕ್ಷಿ ಇಂಗ್ಲಿಷಿನಲ್ಲಿ ಬಿಡಿಸಿ ಹೇಳಿದಳು. ಸದಸ್ಯರು ಅಂದರೆ ಕನ್ನಡಿಗರು.

“ಕನ್ನಡಿಗರು ಅಂದರೆ ಗಂಡಸರೋ?”

“ಅಲ್ಲ. ಯಾರೂ ಆಗಬಹುದು. ರು ಉಂಟಲ್ಲ, ಅದಕ್ಕೆ ಗಂಡು ಹೆಣ್ಣು ಇಲ್ಲ.”

ಲೂರ್ಡ್ಸ್ ಕುರ್ಚಿಯಿಂದ ಎದ್ದೇಬಿಟ್ಟಳು. ಅವಳ ಊರು ಸಾನ್ ಫೆಲಿಪೆ. ನೂರು ವರ್ಷದ ಹಿಂದೆ, ೧೮೭೫ರಲ್ಲಿ, ಆ ಊರಿನ ಕೆಲವು ಹೆಂಗಸರು ಮತಪಟ್ಟಿಯಲ್ಲಿ ಹೆಸರು ಬರೆಸಲು ಹೋದರಂತೆ. ಕಾನೂನಿನಲ್ಲಿ ಇದ್ದದ್ದು ಓದು ಬರಹ ಬಲ್ಲ ‘ಚಿಲೇನೋಸ್’, ಚಿಲಿಯವರು ಎಂದಷ್ಟೇ. ನಾವು ಚಿಲಿಯವರಲ್ಲವೋ ಎಂದು ಕೇಳಿದರಂತೆ. ಹೆಸರು ಬರೆದುಕೊಳ್ಳಬೇಕಾಯಿತು.

“ಆಮೇಲೆ?” ಎಂದಳು ಆಗ್ನೆಸ್, ಬಾಯಿಗೆ ಹೋಗುತ್ತಿದ್ದ ಚಕ್ಕುಲಿ ಅಲ್ಲೇ ನಿಲ್ಲಿಸಿ.

“ಆಮೇಲೆ ದೊಡ್ಡವರಿಗೆ ಎಚ್ಚರ ಆಯಿತು. ಒಂಬತ್ತು ವರ್ಷಕ್ಕೆ ಕಾನೂನು ತಿದ್ದಿ ‘ಹೆಂಗಸರಿಗಿಲ್ಲ’ ಅಂತ ಬಿಡಿಸಿ ಬರೆದರು. ಪೂರ್ತಿ ಮತ ಬಂದದ್ದು ೧೯೪೯ರಲ್ಲಿ. ನನ್ನ ಅಮ್ಮ ಮೊದಲ ಸಲ ಅಧ್ಯಕ್ಷರ ಚುನಾವಣೆಗೆ ಓಟು ಹಾಕಿದಾಗ ನಾನು ಅವಳ ಲಂಗ ಹಿಡಿದುಕೊಂಡು ನಿಂತಿದ್ದೆ. ಅದಕ್ಕೇ ಹೇಳ್ತೇನೆ, ಅರ್ಜಿ ಹಾಕಬೇಡ. ಕೇಳಿದರೆ ಅವರು ಉತ್ತರ ಕೊಡ್ತಾರೆ, ಸಭೆಗೆ ಮೊದಲೇ ತಿದ್ದಿಬಿಡ್ತಾರೆ. ಸುಮ್ಮನೆ ಹೋಗಿ ಸಾಲಿನಲ್ಲಿ ನಿಲ್ಲು.”

ಲೋಲಾಕ್ಷಿ ಬಾಯಿಗೆ ಬೀಗ ಹಾಕಿಕೊಂಡಳು. ಅದು ಅವಳಿಗೆ ಎಂಥ ಶಿಕ್ಷೆ ಎಂಬುದು ಬಲ್ಲವರಿಗೇ ಗೊತ್ತು. ಸೆಪ್ಟೆಂಬರ್ ಕೊನೆಗೆ ದೇಜಪ್ಪನವರು ಸ್ವಹಸ್ತದಿಂದ ಬರೆದ ನೋಟೀಸು ಕೋಣೆಯ ಬಾಗಿಲಿಗೆ ಅಂಟಿತು: ‘ಶುಕ್ರವಾರ ಬೆಳಿಗ್ಗೆ ಕೋಣೆಯಲ್ಲಿ ಪಾಟವೋ ಆಟವೋ? ಸದಸ್ಯರು ಮತ ನೀಡಿ ತೀರ್ಮಾನಿಸತಕ್ಕದ್ದು. ಇಂತಿ, ದೇಜಪ್ಪ, ಅದ್ಯಕ್ಷರು.’ ಓದಿ ಅವಳ ಕೈ ತಾನಾಗಿ ಚೀಲದಲ್ಲಿದ್ದ ಕೆಂಪು ಪೆನ್ಸಿಲಿಗೆ ಹೋಯಿತು. ಕಷ್ಟಪಟ್ಟು ಹಿಂದಕ್ಕೆ ತೆಗೆದುಕೊಂಡಳು.

ಆಗ್ನೆಸ್ ಜೊತೆಗೂಡಿ ಮನೆ ಮನೆ ಸುತ್ತಿ ಹೆಂಗಸರಿಗೆ ಗುಟ್ಟಾಗಿ ವಿಷಯ ಮುಟ್ಟಿಸಿದಳು. ತಾವಿಬ್ಬರೂ ಸೇರಿ ಹದಿನೇಳು ಮಂದಿ ಆದರು. ಆದರೆ ದಮಯಂತಿ, ದೇಜಪ್ಪನವರ ಹೆಂಡತಿ, ಲೋಲಾಕ್ಷಿಯ ಉತ್ಸಾಹಕ್ಕೆ ತಣ್ಣೀರೆರಚಿದಳು.

“ಸಾಲಿಗೆ ಖಂಡಿತ ಬರ್ತೇನೆ. ಆದ್ರೆ ನನ್ನ ಓಟು ಆಟಕ್ಕೆ ಮಾರಾಯ್ತಿ. ಆ ಕೋಣೆ ಸಿಗ್ಲಿಲ್ಲಾಂದ್ರೆ ಅಷ್ಟೂ ಜನ ನನ್ನ ಹಾಲಿಗೆ ಬಂದು ಕೂರ್ತಾರೆ. ಅವ್ರಿಗೆ ಚಾ ಮಾಡಿ ಮಾಡಿ ನಾನು ಸಾಯ್ಬೇಕಾ?”

ಲೋಲಾಕ್ಷಿಗೆ ಸಿಟ್ಟು ನೆತ್ತಿಗೇರಿತು. ಹೆಂಗಸಾಗಿ ಹೆಂಗಸಿಗೇ ಹೀಗಾ? ಊರಿಗೆ ಹೊರಡಲು ಪೆಟ್ಟಿಗೆ ಕಟ್ಟುತ್ತಿದ್ದ ಲೂರ್ಡ್ಸ್‌ಳ ಹತ್ತಿರ ಹೋಗಿ ದೂರಿದಳು. ಲೂರ್ಡ್ಸ್ ನಕ್ಕಳು. ೧೯೩೧ರಲ್ಲಿ ಸ್ಪೇನಿನ ಸಂಸತ್ತಿನಲ್ಲಿ ಹೆಂಗಸರ ಮತದ ಚರ್ಚೆ ನಡೆದಾಗ ಎದ್ದು ಮಾತಾಡಿದ ಇಬ್ಬರು ಹೆಂಗಸರಲ್ಲಿ ಒಬ್ಬಳು ಈಗಲೇ ಬೇಕು ಅಂದಳಂತೆ, ಇನ್ನೊಬ್ಬಳು ಈಗ ಬೇಡ, ಹೆಂಗಸರು ಪಾದ್ರಿ ಹೇಳಿದವರಿಗೇ ಹಾಕುತ್ತಾರೆ ಅಂದಳಂತೆ. “ಗೆದ್ದದ್ದು ಮೊದಲನೆಯವಳು. ಆದರೆ ಮತ ಇಬ್ಬರಿಗೂ ಬಂತು. ನಿನ್ನ ದಮಯಂತಿಗೂ ಬರಲಿ. ನಿನ್ನ ಮಾತು ಕೇಳುವವರಿಗೆ ಮಾತ್ರ ಮತ ಅಂದರೆ, ಅದು ನಮ್ಮ ಜನರಲ್‌ಗೂ ಇಷ್ಟ. ಇನ್ನೊಂದು ಹೇಳಿರ್ತೇನೆ. ಯಾರು ಏನು ಬರೆದರು ಅಂತ ಯಾವತ್ತೂ ಕೇಳಬೇಡ. ಗಂಡನ ಹತ್ತಿರವೂ.”

ಕೊನೆಯ ಮಾತು ಲೋಲಾಕ್ಷಿಗೆ ಚುಚ್ಚಿತು. ಅದೇ ತಾನೇ ಅವಳಿಗೆ ಕೇಳಬೇಕಾಗಿದ್ದದ್ದು.

ಗುರುವಾರ ಸಂಜೆ ರೇಡಿಯೋದ ಬಿಬಿಸಿ ವಾರ್ತೆಯಲ್ಲಿ ಚಿಲಿಯ ಜನ ‘ಬೇಡ’ ಎಂದರೆಂದು ಬಂತು. ಲೋಲಾಕ್ಷಿ ಅಡಿಗೆಮನೆಯಲ್ಲಿ ಒಬ್ಬಳೇ ಕುಣಿದಳು. ಭೋಜರಾಜ ಇಣುಕಿ, “ಎಂತ, ಕ್ರಿಕೆಟ್ ಗೆದ್ದೆವಾ?” ಎಂದು ಕೇಳಿದ.

ಶುಕ್ರವಾರ ಒಂಬತ್ತಕ್ಕೆ ದೇಜಪ್ಪನವರು ಮೇಜಿನ ಮೇಲೆ ಹಾಲಿನ ಪುಡಿಯ ಡಬ್ಬವನ್ನಿಟ್ಟು, ಮುಚ್ಚಳಕ್ಕೆ ತೂತು ಕೊರೆದು, “ಚೀಟಿಯಲ್ಲಿ ಒಂದೇ ಶಬ್ದ ಬರೆದು ಹಾಕಿ, ಯಲ್ಲಾ” ಎಂದು ಅರಬ್ಬಿಯಲ್ಲಿ ಅವಸರಪಡಿಸಿದರು. ಸಾಲು ನಿಂತಿತು. ಇಪ್ಪತ್ತು ಗಂಡಸರ ಹಿಂದೆ ಹದಿನೇಳು ಸೀರೆಗಳೂ ನಿಂತವು.

“ಇದು ಎಂತ? ಶಿರಾ ಆಯ್ತಾ?” ಎಂದು ದೇಜಪ್ಪನವರು ಕೇಳಿದರು.

“ಓಟು ಆದ ಮೇಲೆ ಶಿರಾ,” ಎಂದಳು ಲೋಲಾಕ್ಷಿ. ಫೈಲು ತೆರೆದು ನಿಯಮ ಓದಿದಳು. “ಸದಸ್ಯ ಅಂತ ಇದ್ದಿದ್ರೆ ನಾನು ತುಟಿ ಬಿಚ್ಚುತ್ತಿರಲಿಲ್ಲ. ಆದ್ರೆ ನೀವು ರು ಹಾಕ್ಲಿಕ್ಕೆ ಹೇಳಿದ್ರಲ್ಲ ದೇಜಪ್ಪನವರೇ. ಸದಸ್ಯರು. ಕನ್ನಡಿಗರು. ನಾವು ಕನ್ನಡಿಗರಲ್ವಾ?”

“ಅದು ಮರ್ಯಾದೆಗೆ ಹಾಕಿದ ರು!”

“ಹೌದು. ನಮಗೂ ಮರ್ಯಾದೆ ಸಿಕ್ಕಿತು,” ಎಂದಳು ಹಿಂದಿನಿಂದ ದಮಯಂತಿ. ಕೋಣೆ ಗೊಳ್ಳೆಂದಿತು. ದೇಜಪ್ಪನವರು ಹೆಂಡತಿಯನ್ನು ಮೊದಲ ಸಲ ನೋಡಿದವರಂತೆ ನೋಡಿದರು. ಹಾಗಾದರೆ ಈಗಲೇ ನಿಯಮ ತಿದ್ದೋಣ ಎಂದರು. ತಿದ್ದಲು ಹಾಜರಿರುವ ಸದಸ್ಯರ ಮೂರರಲ್ಲಿ ಎರಡು ಪಾಲು ಬೇಕೆಂದು ಅದೇ ಫೈಲು ಹೇಳುತ್ತಿತ್ತು. ಅವರು ತಲೆ ಎಣಿಸತೊಡಗಿ, ಸೀರೆಗಳವರೆಗೆ ಬಂದು ನಿಲ್ಲಿಸಿದರು.

“ಗಂಡಸರ ಜೊತೆ ಒಂದೇ ಸಾಲಿನಲ್ಲಿ ಹೆಂಗಸರು, ಅದು ಹೇಗೆ...” ಎಂದು ಕೊನೆಯ ಅಸ್ತ್ರ ಬಿಟ್ಟರು.

“ಅದಕ್ಕೂ ವ್ಯವಸ್ಥೆ ಉಂಟು,” ಎಂದು ಆಗ್ನೆಸ್ ಹೊರಗಿನಿಂದ ತನ್ನ ಮನೆಯ ಮಡಚುವ ಮೇಜನ್ನು ಎಳೆದು ತಂದು ಟಪ್ಪೆಂದು ಬಿಡಿಸಿದಳು. ಮೇಲೊಂದು ಬಿಸ್ಕತ್ತಿನ ಡಬ್ಬ. ಹೆಂಗಸರ ಮೇಜು ತಯಾರಾಯಿತು. “ಖಲಾಸ್,” ಎಂದು ದೇಜಪ್ಪನವರು ಕುರ್ಚಿಗೆ ಕುಸಿದರು.

ಲೋಲಾಕ್ಷಿ ತನ್ನ ಚೀಟಿಯನ್ನು ಡಬ್ಬಕ್ಕೆ ಹಾಕಿದಳು. ಊರಿನಲ್ಲಿ ಎರಡು ಸಲ ಓಟು ಹಾಕಿದವಳು ಅವಳು, ಎರಡು ಸಲವೂ ಅಪ್ಪ ಹೇಳಿದ ಗುರುತಿಗೆ. ಇದು ಅವಳದೇ.

ಎಣಿಕೆ ಶುರುವಾಯಿತು. ಹೆಂಗಸರ ಡಬ್ಬದಲ್ಲಿ ಪಾಠ ಹದಿನೈದು, ಆಟ ಎರಡು. ಗಂಡಸರ ಡಬ್ಬದಲ್ಲಿ ಆಟ ಹದಿನಾರು, ಪಾಠ ಮೂರು. ಎರಡೂ ಕಡೆ ಹದಿನೆಂಟು. ಉಳಿದದ್ದು ಗಂಡಸರ ಡಬ್ಬದ ಒಂದೇ ಚೀಟಿ. ದೇಜಪ್ಪನವರು ಅದನ್ನು ಬಿಡಿಸಿ, ಕನ್ನಡಕ ಏರಿಸಿ, ಇಳಿಸಿ, ಎತ್ತಿ ತೋರಿಸಿದರು.

‘ಪಾಟ’.

ಲೋಲಾಕ್ಷಿಗೆ ನೋಡಿದ ಕೂಡಲೇ ಗುರುತು ಸಿಕ್ಕಿತು. ಆ ಬಾಲ ಎಳೆದ ಪಾ, ಬಲಕ್ಕೆ ವಾಲಿದ ಟ. ಅವಳು ತಿದ್ದಿ ಕಳಿಸಿ, ಅವನು ಜೋಪಾನ ಮಾಡಿಟ್ಟಿದ್ದ ಆ ಕೈಬರಹದ ನಲವತ್ತೆರಡು ಕಾಗದಗಳು ಈಗ ಅವಳ ಟ್ರಂಕಿನ ತಳದಲ್ಲಿದ್ದವು. ಭೋಜರಾಜ ಕಿಟಕಿಯ ಹೊರಗೆ ಏನೋ ಬಹಳ ಮುಖ್ಯವಾದದ್ದನ್ನು ನೋಡುತ್ತಿದ್ದ. ಹೊರಗೆ ಒಂದು ಆಡು ಬಿಟ್ಟರೆ ಏನೂ ಇರಲಿಲ್ಲ.

“ಇದು ಪಾಠ ಅಲ್ಲ, ಆಟವೂ ಅಲ್ಲ. ರದ್ದು!” ಎಂದಿತು ರಮ್ಮಿ ಪಕ್ಷ. “ಆಟ ಅಂತಲೇ ಬರೆಯಲಿಕ್ಕೆ ಹೊರಟದ್ದು, ಮುಂದೆ ಒಂದು ಪ ಸೇರಿಕೊಂಡಿದೆ,” ಎಂದ ಇನ್ನೊಬ್ಬ. ರದ್ದಾದರೆ ಸಮ. ಸಮವಾದರೆ ಅಧ್ಯಕ್ಷರ ತೀರ್ಮಾನ. ಅಧ್ಯಕ್ಷರ ಕಿಸೆಯಲ್ಲಿ ಇಸ್ಪೀಟಿನ ಕಟ್ಟು ಆಗಲೇ ಉಬ್ಬಿಕೊಂಡಿತ್ತು.

ಒಂದೇ ಒಂದು ಮಾತು ಸಾಕಿತ್ತು. ಇದು ನನ್ನ ಗಂಡನ ಅಕ್ಷರ, ಅವರು ಪಾಠವನ್ನು ಹೀಗೇ ಬರೆಯುವುದು ಎಂದರೆ ಮುಗಿಯಿತು, ಹದಿನಾಲ್ಕು ಮಕ್ಕಳು ಉಳಿದುಕೊಳ್ಳುತ್ತವೆ. ಮಾತು ನಾಲಿಗೆಯ ತುದಿಗೆ ಬಂತು. ಅವನ ಕುತ್ತಿಗೆಯ ಹಿಂಭಾಗ ಕೆಂಪಾಗಿದ್ದದ್ದು ಅವಳಿಗೆ ಕಾಣಿಸಿತು. ಅಷ್ಟೂ ಗೆಳೆಯರ ಎದುರು ಹೇಳಲಾಗದ್ದನ್ನು ಅವನು ಮಡಚಿದ ಚೀಟಿಯಲ್ಲಿ ಹೇಳಿದ್ದ. ಅದನ್ನು ಬಿಡಿಸಿಡುವುದು ಅವಳ ಕೆಲಸವಾಗಿರಲಿಲ್ಲ. ಮಾತು ನುಂಗಿಕೊಂಡಳು. ನುಂಗುವಾಗ ಕಣ್ಣು ಬಾಗಿಲಿನ ಕಡೆ ಹೋಯಿತು.

“ದೇಜಪ್ಪನವರೇ, ಆ ನೋಟೀಸು ಒಮ್ಮೆ ಓದ್ತೀರಾ?”

ಅವರು ಹೋಗಿ ಗಟ್ಟಿಯಾಗಿ ಓದಿದರು. “ಪಾಠವೋ ಆಟವೋ...”

“ಹಾಗೆ ಉಂಟಾ? ಬರೆದದ್ದು ಹೇಗೋ ಹಾಗೇ ಓದಿ.”

ದೇಜಪ್ಪನವರು ಮೂಗು ನೋಟೀಸಿಗೆ ತಾಗುವಷ್ಟು ಬಗ್ಗಿದರು. “ಪಾ... ಟ...” ಎಂದರು ಸಣ್ಣಗೆ.

“ಆ ಸದಸ್ಯರು ಯಾರೋ ನನಗೆ ಬೇಡ,” ಎಂದಳು ಲೋಲಾಕ್ಷಿ. “ಅಧ್ಯಕ್ಷರು ಕೊಟ್ಟ ಶಬ್ದವನ್ನು ಅವರು ಹಾಗೇ ಬರೆದಿದ್ದಾರೆ. ಚೀಟಿ ರದ್ದಾದರೆ ನೋಟೀಸು ರದ್ದು, ನೋಟೀಸು ರದ್ದಾದರೆ ಸಭೆ ರದ್ದು. ಮತ್ತೆ, ಕೆಳಗೆ ಅದ್ಯಕ್ಷರು ಅಂತ ಉಂಟು. ಅಂಥವರು ಈ ಕೂಟದಲ್ಲಿ ಇಲ್ಲ.”

ಮೊದಲು ನಕ್ಕದ್ದು ದಮಯಂತಿ. ಆಮೇಲೆ ರಮ್ಮಿ ಪಕ್ಷವೂ ನಕ್ಕಿತು, ಕೊನೆಗೆ ಬೇರೆ ದಾರಿ ಕಾಣದೆ ದೇಜಪ್ಪನವರೂ. “ಹತ್ತೊಂಬತ್ತು, ಹದಿನೆಂಟು. ಪಾಠ,” ಎಂದು ಘೋಷಿಸಿದರು, ಠದ ಮೇಲೆ ಮೇಜು ಅದುರುವಷ್ಟು ಒತ್ತು ಕೊಟ್ಟು. ಇಸ್ಪೀಟು ಮಾತ್ರ ಆ ಸಂಜೆಯಿಂದಲೇ ಅವರ ಹಾಲಿಗೆ ವರ್ಗವಾಯಿತು. ಚಾ ಮಾಡುವ ಸರದಿಯ ಬಗ್ಗೆಯೂ ಮತ ಹಾಕಿಸುತ್ತೇನೆಂದು ದಮಯಂತಿ ಹೆದರಿಸಿದ ಮೇಲೆ ಗಂಡಸರೇ ಚಾ ಮಾಡಿಕೊಳ್ಳತೊಡಗಿದರು.

ಮನೆಗೆ ಹೋಗುವಾಗ ಕಾರಿನಲ್ಲಿ ಭೋಜರಾಜ ಎರಡು ಸಲ ಗಂಟಲು ಸರಿಮಾಡಿಕೊಂಡ. “ಯಾರಪ್ಪಾ ಅದು ಪಾಟ ಅಂತ ಬರೆದವನು?” ಎಂದ ಕೊನೆಗೆ.

“ಯಾರೋ. ಕೇಳಬಾರದು,” ಎಂದಳು ಲೋಲಾಕ್ಷಿ, ಖರ್ಜೂರದ ತೋಟಗಳನ್ನು ನೋಡುತ್ತ. ಅವಳಿಗೆ ಅವನನ್ನು ಅಲ್ಲೇ ಅಪ್ಪಿಕೊಳ್ಳಬೇಕೆನಿಸಿತು. ಅವನು ಗೇರು ಬದಲಿಸುತ್ತಿದ್ದನೆಂದು ಸುಮ್ಮನಾದಳು.

ತಿಂಗಳ ಕೊನೆಗೆ ಲೂರ್ಡ್ಸ್ ವಾಪಸು ಬಂದಳು. ಶಾಯಿ ಹಚ್ಚಿಸಿಕೊಂಡಿದ್ದ ಹೆಬ್ಬೆರಳನ್ನು ಎತ್ತಿಕೊಂಡೇ ಒಳಗೆ ಬಂದಳು, ಶಾಯಿ ಎಂದೋ ಹೋಗಿತ್ತು. ಸಹಮ್‌ನ ಕಥೆಯನ್ನು ಮೂರು ಸಲ ಹೇಳಿಸಿಕೊಂಡಳು. ನಿನ್ನ ಗಂಡ ಯಾವುದಕ್ಕೆ ಹಾಕಿದ ಎಂದು ಕಣ್ಣು ಮಿಟುಕಿಸಿ ಕೇಳಿದಾಗ ಲೋಲಾಕ್ಷಿ ಮತ್ತೊಂದು ಲೋಟ ಚಾ ಬಗ್ಗಿಸಿದಳು.

ಮುಂದಿನ ಶುಕ್ರವಾರ ಅವಳು ಕರಿಹಲಗೆಯ ತುಂಬ ಒಂದೇ ಅಕ್ಷರ ಬರೆದಳು. “ಇದಕ್ಕೆ ಹೊಟ್ಟೆ ಸೀಳುವ ಕಷ್ಟ ಇಲ್ಲ. ದುಂಡಗೆ ಬರೆದು ನಡುವೆ ಒಂದು ಬೊಟ್ಟು ಇಡಿ.” ಮಕ್ಕಳು ಬೊಟ್ಟು ಇಟ್ಟವು. ಅವಳನ್ನು ಕರೆದೊಯ್ಯಲು ಬೇಗನೆ ಬಂದಿದ್ದ ಭೋಜರಾಜ ಹಿಂದಿನ ಬೆಂಚಿನಲ್ಲಿ ಮೊಣಕಾಲು ಮಡಚಿ ಕುಳಿತಿದ್ದ.

ಮನೆಗೆ ಬಂದು ಮಕ್ಕಳ ಕಾಪಿ ಪುಸ್ತಕಗಳನ್ನು ತಿದ್ದುವಾಗ ಹದಿನಾಲ್ಕರ ಕೆಳಗೆ ಹದಿನೈದನೆಯದೊಂದು ಸಿಕ್ಕಿತು. ಹೆಸರಿರಲಿಲ್ಲ. ಪುಟದ ತುಂಬ ಠ, ಸಾಲು ಸಾಲು ಠ, ಎಲ್ಲವೂ ಬಲಕ್ಕೆ ವಾಲಿದ್ದವು, ಎಲ್ಲದರ ನಡುವೆಯೂ ಬೊಟ್ಟಿತ್ತು. ಕೊನೆಯ ಸಾಲಿನಲ್ಲಿ ಬಾಲ ಎಳೆದ ಪಾ, ಅದರ ಪಕ್ಕದಲ್ಲೊಂದು ಠ.

ಲೋಲಾಕ್ಷಿ ಪಕ್ಕದ ಕೋಣೆಯ ಕಡೆ ನೋಡಿದಳು. ಅವನು ಪೇಪರು ಬಿಡಿಸಿಕೊಂಡು ಮುಖ ಮುಚ್ಚಿಕೊಂಡಿದ್ದ, ಪೇಪರು ತಲೆಕೆಳಗಾಗಿತ್ತು. ಅವಳು ಕೆಂಪು ಪೆನ್ಸಿಲ್ ತೆಗೆದು, ಇಷ್ಟು ವರ್ಷಗಳಲ್ಲಿ ಮೊದಲ ಬಾರಿಗೆ, ಅವನ ಅಕ್ಷರದ ಮುಂದೆ ಒಂದು ರೈಟು ಹಾಕಿದಳು.